ಸತ್ತವನು ಆಫೀಸಿಗೆ ಹೋದದ್ದು

ಸತ್ತ ಗಂಡ ಮನೆಗೆ ಬಂದುಬಿಟ್ಟ ಎಂದು ಅಳುತ್ತ ಬರುವ ಹೆಂಗಸರನ್ನು ಕತ್ತಿಯಕ್ಕ ಬೇಕಾದಷ್ಟು ನೋಡಿದ್ದಳು. ಸತ್ತ ಗಂಡ ಮನೆಗೆ ಬರಲೇ ಇಲ್ಲ ಎಂದು ಸಿಟ್ಟಿನಿಂದ ಕುದಿಯುತ್ತ ಬಂದವಳು ಇವಳೇ ಮೊದಲು.

ಬಂದವಳು ಪಕ್ಕದ ಬೀದಿಯ ದರ್ಜಿ. ಕೊರಳಲ್ಲಿ ಟೇಪು ಜೋತಾಡುತ್ತಿತ್ತು, ಕಾಲರಿಗೆ ದಾರ ಪೋಣಿಸಿದ ಸೂಜಿ ಚುಚ್ಚಿಕೊಂಡಿತ್ತು. ಹೊಲಿಗೆ ಅರ್ಧಕ್ಕೆ ಬಿಟ್ಟು ಎದ್ದು ಬಂದಿದ್ದಾಳೆ ಎಂದು ತಿಳಿಯಲು ಪತ್ತೇದಾರಿ ಬುದ್ಧಿಯೇನೂ ಬೇಕಿರಲಿಲ್ಲ.

"ನಮ್ಮನೆಯವರನ್ನ ಮಣ್ಣು ಮಾಡಿದ್ದು ಹೋದ ತಿಂಗಳು," ಎಂದಳು ಆಕೆ, ಕೂರಲು ಹೇಳುವ ಮೊದಲೇ ಕೂತು. "ನಾನೇ ಮುಂದೆ ನಿಂತು ಮಾಡ್ಸಿದ್ದು. ಇವತ್ತು ಬೆಳಿಗ್ಗೆ ನಲ್ಲಿ ಬರ್ತಿಲ್ಲ ಅಂತ ಹೇಳೋಕೆ ನೀರಿನ ಆಫೀಸಿಗೆ ಹೋಗ್ತೀನಿ, ಅದೇ ಕಿಟಕಿ, ಅದೇ ಕುರ್ಚಿ, ಅದೇ ಮನುಷ್ಯ! ನನ್ನ ಮುಖ ನೋಡಿದ್ರು. ನೋಡಿ ಏನಂದ್ರು ಗೊತ್ತಾ? 'ನಾಳೆ ಬನ್ನಿ' ಅಂದ್ರು. 'ನಾಳೆ ಬಾ' ಅಂತ ಕೂಡ ಅಲ್ಲ. 'ಬನ್ನಿ'! ಕಟ್ಕೊಂಡ ಹೆಂಡ್ತಿಗೆ!"

"ಬೇರೆ ಯಾರೋ ಇರ್ಬೇಕು ಕಣಮ್ಮ," ಎಂದು ಕತ್ತಿಯಕ್ಕನ ಅಮ್ಮ ಸಮಾಧಾನ ಹೇಳುತ್ತ ಟೀ ಬಗ್ಗಿಸಿದಳು. ಅರ್ಧ ಲೋಟಕ್ಕೆ ಬಿತ್ತು, ಅರ್ಧ ಮೇಜಿಗೆ. ಅಮ್ಮನ ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಆಸ್ಪತ್ರೆಗೆ ಕರೆದುಕೊಂಡು ಹೋಗುತ್ತೇನೆ ಎಂದು ಮಗಳು ಹೇಳುತ್ತಲೇ ಇದ್ದಳು.

"ಕಾಲರ್ ಹರಿದಾಗೆಲ್ಲ ತಿರುಗಿಸಿ ಹೊಲಿದವಳು ನಾನು. ನನ್ನ ಹೊಲಿಗೆ ನನಗೆ ಗೊತ್ತಾಗಲ್ವಾ? ಹೂಳೋವಾಗ ಹಾಕಿದ್ದ ಅಂಗೀನೇ. ಮಣ್ಣು ಕೂಡ ಸರಿಯಾಗಿ ಕೊಡವಿಲ್ಲ." ದರ್ಜಿ ಕೊರಳ ಟೇಪನ್ನು ಬೆರಳಿಗೆ ಬಿಗಿಯಾಗಿ ಸುತ್ತಿದಳು. ಮರುಕ್ಷಣವೇ ಸಿಟ್ಟಿನಿಂದ ಬಿಚ್ಚಿಬಿಟ್ಟಳು. "ಎದ್ರಾ, ಏಳ್ಲಿ. ಊರಲ್ಲಿ ಯಾರ್ಯಾರೋ ಏಳ್ತಾರೆ. ಆದ್ರೆ ಎದ್ದೋರು ಮೊದ್ಲು ಮನೆಗೆ ಬರ್ಬೇಕೋ ಬೇಡ್ವೋ? ಬದುಕಿದ್ದಾಗ್ಲೂ ಆಫೀಸು, ಸತ್ತ ಮೇಲೂ ಆಫೀಸು ಅಂದ್ರೆ ನಾನ್ಯಾರು ಅವರಿಗೆ?"

ಆ ಊರಿನಲ್ಲಿ ಸತ್ತವರು ಏಳುವುದು ಹೊಸದೇನಲ್ಲ. ಕತ್ತಲ ದೇವರುಗಳು ಆಗಾಗ ಬಂದು ಯಾವುದಾದರೂ ಹಾಳು ಗೋದಾಮಿನಲ್ಲೋ ಮುಚ್ಚಿದ ಕಾರ್ಖಾನೆಯಲ್ಲೋ ಬಿಡಾರ ಹೂಡುತ್ತಿದ್ದರು. ಬಂದ ಮೇಲೆ ಕೈಕೆಳಗೆ ಆಳು ಬೇಕಲ್ಲ, ಒಂದಷ್ಟು ಹೆಣಗಳನ್ನು ಎಬ್ಬಿಸುತ್ತಿದ್ದರು. ಆಗ ಜನ ಕತ್ತಿಯಕ್ಕನ ಬಾಗಿಲು ಬಡಿಯುತ್ತಿದ್ದರು. ಅವಳು ಯಾವ ದೇವರು, ಎಲ್ಲಿ ಅಡಗಿದ್ದಾನೆ, ಏನು ತಿಂದು ಬದುಕುತ್ತಾನೆ ಎಂದು ಪತ್ತೆ ಮಾಡಿ, ಹೋಗಿ ಕಡಿದು ಬರುತ್ತಿದ್ದಳು. ಅವಳ ಕಪ್ಪು ಕಬ್ಬಿಣದ ಕತ್ತಿ, ಎದ್ದ ಹೆಣ ಹತ್ತಿರವಿದ್ದರೆ ಬಿಸಿಯಾಗುತ್ತಿತ್ತು. ನೆತ್ತರಿನ ದೇವರನ್ನು ಕಡಿದಿದ್ದಳು, ಜ್ವರದ ದೇವರನ್ನು ಓಡಿಸಿದ್ದಳು, ಹಲ್ಲಿನ ದೇವರೊಂದು ಅವಳ ಮಂಡಿ ಕಚ್ಚಿ ಹೋಗಿದ್ದು ಚಳಿಗಾಲದಲ್ಲಿ ಈಗಲೂ ನೋಯುತ್ತಿತ್ತು. ಊರು ಅವಳನ್ನು ಹೊಗಳುತ್ತಿತ್ತು. ಅಮ್ಮ ಮಾತ್ರ, "ಎಲ್ಲ ಸರಿ, ಪರ್ಮನೆಂಟ್ ಕೆಲಸ ಅಲ್ವಲ್ಲೇ ಇದು," ಎಂದು ಮೂಗು ಮುರಿಯುತ್ತಿದ್ದಳು.

ಎದ್ದವರಿಗೆ ಒಂದು ರೂಢಿ ಇತ್ತು. ಮೊದಲು ಮನೆಗೆ ಹೋಗುವುದು, ಬಾಗಿಲು ಗೀಚುವುದು, ಯಾರದಾದರೂ ಕುತ್ತಿಗೆಗೆ ಕೈ ಹಾಕುವುದು. ಎದ್ದು ಸೀದಾ ಕೆಲಸಕ್ಕೆ ಹೋದ ಹೆಣದ ಸುದ್ದಿಯನ್ನು ಕತ್ತಿಯಕ್ಕ ಕೇಳಿರಲೇ ಇಲ್ಲ. ಕತ್ತಿಯನ್ನು ಉದ್ದ ಕೋಟಿನೊಳಗೆ ಸಿಕ್ಕಿಸಿಕೊಂಡು ಎದ್ದಳು.

"ನೀನು ಮನೆಗೆ ಹೋಗಿರು ತಂಗಿ. ನಾನು ನೋಡ್ಕೊಂಡು ಬರ್ತೀನಿ," ಎಂದಳು.

"ಅವರನ್ನ ಏನೂ ಮಾಡ್ಬೇಡಿ ಅಕ್ಕ," ಎಂದಳು ದರ್ಜಿ. ತುಸು ಯೋಚಿಸಿ, "ಬೈಯೋದಾದ್ರೆ ಬೈರಿ," ಎಂದು ಸೇರಿಸಿದಳು.

ಮೊದಲು ಸ್ಮಶಾನಕ್ಕೆ ಹೋದಳು. ಕಾವಲುಗಾರ ಗೇಟಿನ ಬಳಿ ಬಿಸಿಲು ಕಾಯಿಸಿಕೊಳ್ಳುತ್ತಿದ್ದ. ದರ್ಜಿಯ ಗಂಡನ ಗುಂಡಿ ತೆರೆದುಕೊಂಡಿತ್ತು. ಅದರ ಪಕ್ಕದ್ದೂ, ಅದರಾಚೆಯದೂ. ಎಬ್ಬಿಸಿದ ಗುಂಡಿಗಳೆಂದರೆ ಮಣ್ಣು ಚೆಲ್ಲಾಪಿಲ್ಲಿಯಾಗಿ, ಹಲಗೆ ಸೀಳಿ, ಉಗುರಿನ ಗುರುತು ಮೂಡಿರುತ್ತವೆ. ಇಲ್ಲಿ ಮಣ್ಣನ್ನು ಒಂದು ಬದಿಗೆ ಗುಡ್ಡೆ ಹಾಕಿ, ಹೊದಿಸಿದ ಬಟ್ಟೆಯನ್ನು ನೀಟಾಗಿ ಮಡಚಿ, ಹಾರದ ಹಾಗೆ ಅದರ ಮೇಲೆ ಕಲ್ಲಿಟ್ಟಿತ್ತು.

"ಏಳೋವಾಗ ನೋಡಿದ್ಯಾ?" ಎಂದು ಕೇಳಿದಳು.

"ನೋಡ್ದೆ ಇರ್ತೀನಾ? ನನ್ನ ಜೀವ ಬಾಯಿಗೆ ಬಂತು. ಹೂಳಿದ ಮಾರನೇ ಬೆಳಿಗ್ಗೇನೇ ಎದ್ರು. ನನ್ನ ಹತ್ರಾನೇ ಬಂದ್ರು. ಮುಗೀತು ನನ್ನ ಕಥೆ ಅಂದ್ಕೊಂಡೆ. 'ಟೈಮ್ ಎಷ್ಟು, ಲೇಟಾಯ್ತಾ?' ಅಂತ ಕೇಳಿದ್ರು. ಹೇಳ್ದೆ. ಅಯ್ಯಯ್ಯೋ ಅಂತ ಓಡಿದ್ರು."

"ಇವರೆಲ್ಲಾನೂ ಹಾಗೇನಾ?"

"ಎಲ್ಲಾ ಹಾಗೇ. ಎಲ್ಲಾ ನೀರಿನ ಆಫೀಸಿನೋರೇ. ಬೇರೆ ಯಾರೂ ಮಿಸುಕಾಡಿಲ್ಲ. ನಮ್ಮ ಭಾವನೂ ಇಲ್ಲೇ ಇದ್ದಾನೆ, ಬದುಕಿದ್ದಾಗ್ಲೂ ಎದ್ದೋನಲ್ಲ, ಈಗ್ಲೂ ಎದ್ದಿಲ್ಲ."

ನೀರಿನ ಆಫೀಸು ದೊಡ್ಡ ರಸ್ತೆಯ ತುದಿಯಲ್ಲಿತ್ತು. ಬಾಗಿಲಿಂದ ಹೊರಟ ಕ್ಯೂ ಮೆಟ್ಟಿಲಿಳಿದು, ಗೋಡೆ ಸುತ್ತಿ, ಸೈಕಲ್ ಸ್ಟ್ಯಾಂಡಿನ ತನಕ ಬೆಳೆದಿತ್ತು. ಊರಿಗೆ ಸರಿಯಾಗಿ ನೀರು ಬಾರದೆ ಬಹಳ ಕಾಲವಾಗಿತ್ತು. ಜನ ಸ್ಟೂಲು ತಂದಿದ್ದರು, ಕೊಡೆ ತಂದಿದ್ದರು, ಒಬ್ಬಾಕೆ ಸ್ವೆಟರ್ ಹೆಣೆಯುತ್ತಿದ್ದಳು. ಹೆಣೆಯಲು ಶುರುಮಾಡಿದಾಗ ಮಗುವಿಗೆಂದು ಹಾಕಿದ ಅಳತೆ ಈಗ ಆ ಮಗುವಿನ ತೋಳಿಗೂ ಸಾಲುತ್ತಿರಲಿಲ್ಲ. ಎಲ್ಲರಿಗಿಂತ ಮುಂದೆ, ಕಿಟಕಿಗೆ ಮೂಗು ತಾಗುವಷ್ಟು ಹತ್ತಿರ, ನಿವೃತ್ತ ಮೇಷ್ಟ್ರೊಬ್ಬರು ಕಂಬಿ ಹಿಡಿದು ನಿಂತಿದ್ದರು.

ಕತ್ತಿಯಕ್ಕ ಒಳಗೆ ಕಾಲಿಟ್ಟದ್ದೇ ಕತ್ತಿ ಕಾದ ಬಾಣಲೆಯಂತೆ ಸುಡತೊಡಗಿತು. ಕೋಟು ಕರಕಲಾದ ವಾಸನೆ ಬಂತು. ಒಬ್ಬಿಬ್ಬರಲ್ಲ, ಆಫೀಸಿನ ಅರ್ಧಕ್ಕರ್ಧ ಸತ್ತವರೇ.

ಯಾರು ಬದುಕಿದವರು, ಯಾರು ಸತ್ತವರು ಎಂದು ಬೇರ್ಪಡಿಸುವುದು ಅವಳ ವೃತ್ತಿಯಲ್ಲೇ ಬಹಳ ಕಷ್ಟದ ಕೆಲಸವಾಯಿತು. ಎಲ್ಲರ ಕಣ್ಣೂ ಒಂದೇ ಥರ ಮಂಕಾಗಿದ್ದವು. ಎಲ್ಲರೂ ಒಂದೇ ದನಿಯಲ್ಲಿ "ನಾಳೆ ಬನ್ನಿ" ಎನ್ನುತ್ತಿದ್ದರು. ಒಬ್ಬನನ್ನು ಹೆಣವೆಂದೇ ತೀರ್ಮಾನಿಸಿ ಕತ್ತಿಗೆ ಕೈ ಹಾಕಿದಾಗ ಅವನು ಸೀನಿದ. ಅವಳು ಕ್ಷಮೆ ಕೇಳಿದಳು.

ದರ್ಜಿಯ ಗಂಡ ಮೊದಲ ಕಿಟಕಿಯಲ್ಲಿದ್ದ. ತಿಳಿನೀಲಿ ಅಂಗಿ, ಕಾಲರಿನಲ್ಲಿ ಒಳ್ಳೆಯ ಹೊಲಿಗೆ, ಹುಬ್ಬಿನಲ್ಲಿ ಮಣ್ಣು. ಕೈಯಲ್ಲಿ ಠಸ್ಸೆ ಹಿಡಿದು ಏನೂ ಬರೆಯದ ಹಾಳೆಗಳ ಮೇಲೆ ಒಂದೇ ಸಮನೆ ಒತ್ತುತ್ತಿದ್ದ.

"ನಿಮ್ಮ ಹೆಂಡ್ತಿ ಕಳಿಸಿದ್ದಾರೆ," ಎಂದಳು ಕತ್ತಿಯಕ್ಕ.

"ನಾಳೆ ಬನ್ನಿ."

"ನೀವು ಸತ್ತಿದ್ದೀರಿ. ಗೊತ್ತಾ?"

ಠಸ್ಸೆ ಒಂದು ಗಳಿಗೆ ನಿಂತಿತು. ಮಂಕು ಕಣ್ಣಿನ ಆಳದಲ್ಲಿ ಏನೋ ಹೊರಳಿದಂತಾಯಿತು. ಅಷ್ಟೇ. "ಅದಕ್ಕೆ ಪಕ್ಕದ ಕಿಟಕಿ," ಎಂದ.

ಬೇರೆ ದಾರಿ ಕಾಣದೆ ಅವಳು ಕತ್ತಿ ಹಿರಿದು, ಠಸ್ಸೆ ಹಿಡಿದ ಅವನ ಕೈಯನ್ನು ಮಣಿಕಟ್ಟಿನಲ್ಲಿ ಕಡಿದಳು. ಎದ್ದವರ ಕೈ ಹೋದರೆ ಅವರ ಶಕ್ತಿ ಉಡುಗುತ್ತದೆ ಎಂಬುದು ಅನುಭವದ ಮಾತು. ಆದರೆ ಇಲ್ಲಿ ಕೈ ಮೇಜಿನ ಮೇಲೆ ಬಿದ್ದು, ತಾನೇ ಸಾವರಿಸಿಕೊಂಡು, ಠಸ್ಸೆ ಒತ್ತುವುದನ್ನು ಮುಂದುವರಿಸಿತು. ಕೈಯಿಲ್ಲದ ಮನುಷ್ಯ ಅದಕ್ಕೆ ಒಂದೊಂದೇ ಹಾಳೆ ಸರಿಸಿಕೊಡತೊಡಗಿದ. ಕೆಲಸ ಮೊದಲಿಗಿಂತ ಚುರುಕಾಯಿತು.

"ಏನಮ್ಮಾ ಇದು!" ಎಂದು ಮೇಷ್ಟ್ರು ಕೂಗಿದರು. "ಇನ್ನೇನು ನನ್ನ ಸರದಿ ಬಂತು ಅನ್ನೋವಾಗ್ಲೇ ಕಡೀಬೇಕಿತ್ತಾ? ಮೊದ್ಲು ಕ್ಯೂನಲ್ಲಿ ನಿಂತ್ಕೊಳ್ಳಿ!"

"ಹೌದು, ನಿಂತ್ಕೊಳ್ಳಿ! ನಾವೇನು ಕಡ್ಲೆ ತಿನ್ನೋಕೆ ಬಂದಿದ್ದೀವಾ?" ಎಂದು ಹಿಂದಿನವರು ದನಿಗೂಡಿಸಿದರು. ಹೆಣಗಳಿಗೆ ಹೆದರದ ಕತ್ತಿಯಕ್ಕ ಆ ಕ್ಯೂಗೆ ಹೆದರಿ ಮೇಲಧಿಕಾರಿಯ ಕೋಣೆಗೆ ನುಗ್ಗಿದಳು.

ಮೇಲಧಿಕಾರಿ ಬದುಕಿದ್ದ. ಗುಂಡಗೆ, ಹಸನ್ಮುಖಿ, ಪರೀಕ್ಷೆಯಲ್ಲಿ ಮೊದಲು ಬಂದ ಹುಡುಗನ ಹಾಗೆ ಹೆಮ್ಮೆಯಿಂದ ಬೀಗುತ್ತಿದ್ದ. ಕತ್ತಿ ನೋಡಿಯೂ ಅವನ ನಗು ಮಾಸಲಿಲ್ಲ.

"ಬನ್ನಿ ಬನ್ನಿ. ನೋಡಿದ್ರಾ ನಮ್ಮ ಸಿಬ್ಬಂದಿ? ರಜೆ ಕೇಳೋಲ್ಲ, ಟೀಗೆ ಏಳೋಲ್ಲ, ಸಂಘ ಕಟ್ಟೋಲ್ಲ. ಒಬ್ಬರ ಮೇಲೊಬ್ಬರು ಚಾಡಿ ಹೇಳೋಲ್ಲ. ಬದುಕಿರೋರನ್ನ ಇಟ್ಕೊಂಡು ನಾನು ಪಟ್ಟ ಪಾಡು ನನಗೇ ಗೊತ್ತು. ಒಬ್ಬರಿಗೆ ಎದೆನೋವು, ಒಬ್ಬರಿಗೆ ಮಗಳ ಬಾಣಂತನ, ದಿನಾ ಬಂದು ರಜೆ ರಜೆ ರಜೆ."

"ಕೊಟ್ರಾ?"

"ನಾಳೆ ನೋಡೋಣ ಅಂತಿದ್ದೆ. ಹೊರಗಡೆ ಕೂತಿದ್ದಾರಲ್ಲ, ಅವರೆಲ್ಲ ಹಾಗೆ ಕೇಳಿದೋರೇ. ಪಾಪ, ಕೇಳ್ತಾ ಕೇಳ್ತಾನೇ ಹೋದ್ರು. ಮೊದಮೊದಲು ಮಾರನೇ ದಿನ ಅವರೇ ಬಂದು ಕೂತಾಗ ನಾನೂ ಬಾಗಿಲು ಹಾಕ್ಕೊಂಡು ಕೂತಿದ್ದೆ ಅನ್ನಿ. ಆಮೇಲೆ ಸಲಹೆಗಾರರು ಧೈರ್ಯ ಹೇಳಿದ್ರು. ರಜೆ ಮಂಜೂರಾಗದ ಮೇಲೆ ಅವರು ಹೇಗೆ ಹೋಗ್ತಾರೆ, ಕಾನೂನು ಪ್ರಕಾರ ಅವರು ಇನ್ನೂ ಡ್ಯೂಟಿ ಮೇಲೇ ಇದ್ದಾರೆ ಅಂದ್ರು."

"ಯಾರು ಆ ಸಲಹೆಗಾರರು?"

"ಕೆಳಗಡೆ ಇರ್ತಾರೆ. ಟ್ಯಾಂಕಿನಲ್ಲಿ. ಬಹಳ ಸರಳ ಮನುಷ್ಯ… ಮನುಷ್ಯ ಅಂದ್ರೆ, ಇರ್ಲಿ. ಅವರಿಗೆ ನಾವೇನೂ ಕೊಡಬೇಕಾಗೇ ಇಲ್ಲ. ಜನರನ್ನ ಕಾಯಿಸಿದ್ರೆ ಸಾಕು ಅಂತಾರೆ."

ಊರಿನ ನಲ್ಲಿಗಳು ಏಕೆ ಒಣಗಿದ್ದವೆಂದು ಕತ್ತಿಯಕ್ಕನಿಗೆ ಅಲ್ಲೇ ತಿಳಿಯಿತು. ಟ್ಯಾಂಕಿನಲ್ಲಿ ನೀರಿರಬೇಕಾದ ಜಾಗದಲ್ಲಿ ಯಾರೋ ವಾಸ ಮಾಡುತ್ತಿದ್ದರು.

ಕೋಣೆಯ ಹಿಂದಿನ ಕಬ್ಬಿಣದ ಏಣಿ ಇಳಿದಳು. ಮಂಡಿ ಪ್ರತಿ ಮೆಟ್ಟಿಲಿಗೂ ಗೊಣಗಿತು. ಕೆಳಗೆ ಕಲ್ಲಿನ ದೊಡ್ಡ ತೊಟ್ಟಿ, ಮೊಣಕಾಲುದ್ದ ತಣ್ಣೀರು, ಆ ನೀರಿನ ತುಂಬ ಬೂದುಬಣ್ಣದ ಒಂದು ಮೈ. ತಲೆ ಎಲ್ಲಿ, ಹೊಟ್ಟೆ ಎಲ್ಲಿ ಎಂದು ಹೇಳಲಾಗದು. ನೆನೆದ ಹಿಟ್ಟಿನಂತೆ ಉಬ್ಬಿ ಗೋಡೆಯಿಂದ ಗೋಡೆಗೆ ಹರಡಿತ್ತು. ಹಳೆಯ ಕತ್ತಲ ದೇವರುಗಳಿಗೆ ಕೋರೆಯಿರುತ್ತಿತ್ತು, ಕೆಂಡದ ಕಣ್ಣಿರುತ್ತಿತ್ತು, ಅವರು ಗುಡುಗುತ್ತಿದ್ದರು. ಇವನು ಕೆಮ್ಮಿ ಗಂಟಲು ಸರಿಮಾಡಿಕೊಂಡ.

"ಕೂರಿ," ಎಂದ ದೇವರು. "ನಿಮ್ಮ ಬಗ್ಗೆ ತುಂಬ ಕೇಳಿದ್ದೇನೆ. ನೆತ್ತರಿನವನು ನನಗೆ ದೂರದ ನೆಂಟ. ಒರಟ. ಮೈಯಿಂದ ರಕ್ತ ಹೀರಿದರೆ ಜನ ಕೂಗಿಕೊಳ್ಳುತ್ತಾರೆ. ನಾನು ಅವರ ದಿನಗಳನ್ನಷ್ಟೇ ಹೀರುತ್ತೇನೆ. ಕ್ಯೂನಲ್ಲಿ ನಿಂತು ತಾವೇ ಕೊಟ್ಟು ಹೋಗುತ್ತಾರೆ. ಮರುದಿನ ಮತ್ತೆ ತರುತ್ತಾರೆ."

"ನಿನ್ನ ಹೆಸರೇನು?"

"ಜನ ಯಾವಾಗಲೂ ನನ್ನ ಹೆಸರೇ ಹೇಳುತ್ತಿರುತ್ತಾರೆ. ನಾಳೆ."

ಕತ್ತಿಯಕ್ಕ ಕತ್ತಿಯೆತ್ತಿದಳು. ಕತ್ತಿ ಕೆಂಪಗೆ ಕಾದಿತ್ತು, ಕಾಲು ಗಟ್ಟಿಯಾಗಿ ಊರಿತ್ತು, ಗುರಿ ಕಣ್ಣೆದುರಿಗೇ ಇತ್ತು. ಹೊಡೆಯಬೇಕು ಎನ್ನುವಾಗ ತೋಳಿಗೊಂದು ಹಿತವಾದ ಜೋಂಪು ಹತ್ತಿತು. ಇಷ್ಟೊಂದು ಅವಸರ ಏಕೆ ಎನ್ನಿಸಿತು. ಹೇಗೂ ಇವನು ಎಲ್ಲಿಗೂ ಓಡಿಹೋಗುವುದಿಲ್ಲ. ಮನೆಗೆ ಹೋಗಿ, ಊಟ ಮಾಡಿ, ಕತ್ತಿಗೆ ಸಾಣೆ ಹಿಡಿಸಿಕೊಂಡು ಬಂದರಾಯಿತು.

"ಅದೇ ಸರಿ," ಎಂದ ದೇವರು ಮೆತ್ತಗೆ. "ನಿಮಗೆ ಇಲ್ಲೇ ಒಂದು ಜಾಗ ಕೊಡಿಸುತ್ತೇನೆ. ವಿಶೇಷಾಧಿಕಾರಿ. ಪರ್ಮನೆಂಟ್. ನಮ್ಮಲ್ಲಿ ಪರ್ಮನೆಂಟ್ ಅಂದರೆ ನಿಜವಾಗಿಯೂ ಪರ್ಮನೆಂಟ್. ನಿಮ್ಮ ತಾಯಿಗೆ ಖುಷಿಯಾಗುತ್ತದೆ. ಅವರ ಕಣ್ಣು ಹೇಗಿದೆ?"

ಅವಳು ತಟ್ಟನೆ ತಲೆಯೆತ್ತಿದಳು. "ನಮ್ಮಮ್ಮನ ಕಣ್ಣಿನ ವಿಷಯ ನಿನಗೆ ಹೇಗೆ ಗೊತ್ತು?"

"ನಿಮ್ಮ ಮನೆಯಿಂದಲೂ ನನಗೆ ಊಟ ಬರುತ್ತದಲ್ಲ. ದಿನವೂ ಬೆಳಿಗ್ಗೆ ಆಕೆ ಕೇಳುತ್ತಾಳೆ, ನೀವು ನನ್ನ ಹೆಸರು ಹೇಳುತ್ತೀರಿ. ಬಹಳ ರುಚಿ. ಆಕೆ ಒಮ್ಮೆಯೂ ಜಗಳವಾಡುವುದಿಲ್ಲ. ಸರಿ ಕಣೇ ಅನ್ನುತ್ತಾಳೆ."

ಕತ್ತಲ ದೇವರುಗಳನ್ನೆಲ್ಲ ಕಡಿದು ಬಂದವಳಿಗೆ ತನ್ನ ಮನೆಯ ಮೇಜಿನ ಮೇಲೆ ಚೆಲ್ಲಿದ ಟೀ ಕಣ್ಣಿಗೆ ಕಟ್ಟಿತು. ನಾಚಿಕೆಯಿಂದ ಮುಖ ಕೆಂಪಾಯಿತು. ಆ ಕಾವಿಗೆ ಜೋಂಪು ಬಿಟ್ಟಿತು. ಹಲ್ಲು ಕಚ್ಚಿ ಕತ್ತಿ ಬೀಸಿದಳು. ಕತ್ತಿ ಕೆಸರಿಗೆ ಹೊಡೆದಂತೆ ಒಳಹೊಕ್ಕು ಹೊರಬಂತು, ಸೀಳಿದ ಜಾಗ ಮುಚ್ಚಿಕೊಂಡಿತು. ಮತ್ತೆ ಬೀಸಿದಳು. ಮತ್ತೆ ಮುಚ್ಚಿಕೊಂಡಿತು. ದೇವರು ಬೇಸರಪಡಲಿಲ್ಲ, ಅವನ ಮೈ ಮಾತ್ರ ಹತ್ತಿರ ಹತ್ತಿರ ಸರಿದು ಅವಳ ಸೊಂಟ ಸುತ್ತಿತು. ತಣ್ಣನೆಯ, ಮೃದುವಾದ, ನಿದ್ದೆ ತರಿಸುವ ಹಿಡಿತ.

ಆಗಲೇ ಮೇಲಿನಿಂದ ಒಂದು ಹೆಣ್ಣುದನಿ ಕಲ್ಲು ಸೀಳಿಕೊಂಡು ಬಂತು.

"ನಾಳೆಗೀಳೆ ಆಗೋಲ್ಲ! ಇವತ್ತೇ!"

ದೇವರು ಬಿಕ್ಕಿದ. ಅವನ ಮೈಯ ಒಂದು ಮೂಲೆ, ಸೂಜಿ ಚುಚ್ಚಿದ ಬಲೂನಿನಂತೆ, ಪುಸ್ಸೆಂದು ಇಳಿಯಿತು. ಹಿಡಿತ ಸಡಿಲವಾದದ್ದೇ ಕತ್ತಿಯಕ್ಕ ನುಣುಚಿಕೊಂಡು ಏಣಿ ಹಿಡಿದಳು. ಏನು ತಿಂದು ಇವನು ಬದುಕುತ್ತಾನೋ ಗೊತ್ತಾಗಿತ್ತು. ಏನು ಇವನಿಗೆ ಅರಗುವುದಿಲ್ಲವೋ ಈಗ ಗೊತ್ತಾಯಿತು.

ಮೇಲೆ ದರ್ಜಿ ಕಿಟಕಿಯ ಮುಂದೆ ನಿಂತಿದ್ದಳು. ಮನೆಯಲ್ಲಿ ಕೂರಲಾರದೆ ಬಂದವಳು ಗಂಡನ ಬಿದ್ದ ಕೈ ನೋಡಿ, ಕ್ಯೂವನ್ನೂ ಮೇಷ್ಟ್ರನ್ನೂ ಪಕ್ಕಕ್ಕೆ ತಳ್ಳಿ, ಕಿಟಕಿಯೊಳಗೆ ಎರಡೂ ಕೈ ತೂರಿಸಿ ಅವನ ಅಂಗಿಯ ಎದೆ ಹಿಡಿದಿದ್ದಳು.

"ನಾಳೆ ಬನ್ನಿ," ಎನ್ನುತ್ತಿದ್ದ ಗಂಡ.

"ಬರೋಲ್ಲ ಕಣ್ರೀ! ಮದುವೆಯಾದಾಗ್ಲಿಂದ ಇದನ್ನೇ ಕೇಳ್ತಿದ್ದೀನಿ. ಇವತ್ತು ಏಳಿ. ಈಗ ಏಳಿ!"

ಪ್ರತಿ ಮಾತಿಗೂ ನೆಲದಡಿ ಏನೋ ಗುಳುಗುಳು ಎಂದಿತು. ಕತ್ತಿಯಕ್ಕ ಒದ್ದೆ ಕೋಟಿನಲ್ಲೇ ಮೇಜಿನ ಮೇಲೆ ಹತ್ತಿ ಕ್ಯೂನತ್ತ ತಿರುಗಿದಳು.

"ಕೇಳಿ! ಕೆಳಗಿರೋ ಕತ್ತಲ ದೇವರು ನಿಮ್ಮ ದಿನಗಳನ್ನ ತಿಂದು ಬದುಕ್ತಿದ್ದಾನೆ. ನೀವು ನಾಳೆ ಅನ್ನೋದಕ್ಕೆ ಒಪ್ಕೊಂಡು ಮನೆಗೆ ಹೋದಷ್ಟೂ ಕೊಬ್ಬುತ್ತಾನೆ. ಯಾರೂ ಒಪ್ಕೋಬೇಡಿ. ಎಲ್ಲರೂ ಇವತ್ತೇ ಬೇಕು ಅನ್ನಿ. ಅಷ್ಟೇ ಸಾಕು!"

ಕ್ಯೂನವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು.

"ಅಂದ್ಬಿಟ್ರೆ ನಮ್ಮ ಜಾಗ ಹೋಗುತ್ತಾ?" ಎಂದು ಹಿಂದಿನಿಂದ ಒಬ್ಬ ಕೇಳಿದ.

"ಎಲ್ಲರೂ ಇವತ್ತೇ ಅಂದ್ರೆ, ಮುಂದಿದ್ದೋರಿಗೆ ಏನು ಲಾಭ?" ಎಂದರು ಮೇಷ್ಟ್ರು. "ನಾನು ಇಲ್ಲಿಗೆ ಬಂದು ನಿಲ್ಲೋಕೆ ಎಷ್ಟು ಕಷ್ಟಪಟ್ಟಿದ್ದೀನಿ! ನಿನ್ನೆ ಮೊನ್ನೆ ಬಂದೋರಿಗೂ ನನಗೂ ಒಂದೇ ನೀರಾ? ನ್ಯಾಯವಾ ಇದು?"

"ದೇವರು ಅಂದ್ರಲ್ಲ, ಯಾವ ದೇವರು? ಅವರ ಮನಸ್ಸಿಗೆ ನೋವಾದ್ರೆ?" ಎಂದು ಮತ್ತೊಬ್ಬ ಅಂದ. "ಹಿಂದಿನ ಅಧಿಕಾರಿ ಕಾಲದಲ್ಲೂ ಹೀಗೇ ಇತ್ತು ಬಿಡ್ರಿ" ಎಂದು ಇನ್ನೊಬ್ಬ. ಸ್ವೆಟರಿನವಳು ಒಂದು ಸಾಲು ಮುಗಿಯಲಿ, ಆಮೇಲೆ ಹೇಳುತ್ತೇನೆ ಎಂದಳು. ನೆಲದಡಿಯ ಗುಳುಗುಳು ನಿಂತು, ತೃಪ್ತಿಯ ತೇಗಿನಂಥ ಸದ್ದು ಬಂತು. ಕತ್ತಿಯಕ್ಕ ಎಷ್ಟೋ ಯುದ್ಧಗಳಲ್ಲಿ ನಿರಾಸೆ ಕಂಡಿದ್ದಳು. ಇಷ್ಟು ನಿರಾಸೆ ಯಾವ ಹೆಣಗಳೂ ಅವಳಿಗೆ ಮಾಡಿರಲಿಲ್ಲ.

ದರ್ಜಿಗೆ ಈ ಚರ್ಚೆ ಯಾವುದೂ ಕಿವಿಗೆ ಬಿದ್ದಂತಿರಲಿಲ್ಲ. ಅವಳು ಪಕ್ಕದ ಬಾಗಿಲಿಂದ ಒಳಗೆ ಹೋದಳು. ಠಸ್ಸೆ ಒತ್ತುತ್ತಿದ್ದ ಕೈಯನ್ನು ಎತ್ತಿಕೊಂಡು, ಠಸ್ಸೆ ಕಿತ್ತೆಸೆದು, ಗಂಡನ ಪಕ್ಕ ಕುರ್ಚಿ ಎಳೆದುಕೊಂಡು ಕೂತಳು. ಕಾಲರಿನ ಸೂಜಿ ತೆಗೆದು ಕೈಯನ್ನು ಮಣಿಕಟ್ಟಿಗೆ ಹೊಲಿಯತೊಡಗಿದಳು. ಸಣ್ಣ ಸಣ್ಣ ಹೊಲಿಗೆ, ಒಂದರ ಪಕ್ಕ ಒಂದು. ಹೊಲಿಯುತ್ತಲೇ ಬೈಯುತ್ತಿದ್ದಳು, ಬೈಯುತ್ತಲೇ ಅಳುತ್ತಿದ್ದಳು.

"ಎದೆನೋವು ಅಂತ ನನಗೆ ಒಂದು ಮಾತು ಹೇಳ್ಲಿಲ್ಲ. ಆಫೀಸಲ್ಲಿ ಹೇಳಿದ್ರಂತೆ, ಅದೂ ಈ ಕ್ಯೂನೋರಿಂದ ನನಗೆ ಗೊತ್ತಾಗ್ಬೇಕು. ಆ ಮೇಲಧಿಕಾರಿ ಹತ್ರ ರಜೆ ಕೇಳಿದ್ರಂತೆ! ನನ್ನ ಹತ್ರ ಕೇಳಿದ್ರೆ ನಾನು ಕೊಡ್ತಿರ್ಲಿಲ್ವಾ ರಜೆ?"

ಸ್ವೆಟರಿನವಳ ಕಡ್ಡಿಗಳು ನಿಂತವು. ಅವಳು ಕೈಯಲ್ಲಿದ್ದ ಸ್ವೆಟರಿನ ಪುಟ್ಟ ತೋಳನ್ನು ನೋಡಿದಳು. ಬಹಳ ಹೊತ್ತು ನೋಡಿದಳು. ಆಮೇಲೆ ಹೆಣಿಗೆಯನ್ನು ಸ್ಟೂಲಿನ ಮೇಲಿಟ್ಟು ಎದ್ದು ನಿಂತಳು.

"ನನಗೆ ಇವತ್ತೇ ಬೇಕು," ಎಂದಳು, ಮೆಲ್ಲಗೆ.

ಗೋಡೆ ಅದುರಿತು. ಅವಳ ಪಕ್ಕದವನು ಎದ್ದ. ಅವನ ಹಿಂದಿನವನು ಎದ್ದ. "ಇವತ್ತೇ!" ಎಂಬ ಕೂಗು ಬಾಗಿಲು ದಾಟಿ, ಮೆಟ್ಟಿಲಿಳಿದು, ಸೈಕಲ್ ಸ್ಟ್ಯಾಂಡಿನ ತನಕ ಹೋಗಿ ಹೊರಳಿ ಬಂತು. ಕ್ಯೂ ಒಡೆದು ಒಳನುಗ್ಗಿತು. ತನ್ನ ಹಿಂದೆ ಯಾರೂ ಇಲ್ಲ, ಎಲ್ಲರೂ ಅಕ್ಕಪಕ್ಕದಲ್ಲೇ ಇದ್ದಾರೆ ಎಂದು ಮೇಷ್ಟ್ರು ತಿರುಗಿ ತಿರುಗಿ ನೋಡಿದರು. ಬೇರೆ ಗತಿಯಿಲ್ಲದೆ, "ನನಗೆ ಎಲ್ಲರಿಗಿಂತ ಮೊದ್ಲು, ಇವತ್ತೇ!" ಎಂದು ಕಿರುಚಿದರು.

ನೆಲ ಬಿರಿಯಿತು. ನಾಳೆ ದೇವರು ಬೂದು ಮೈ ಎಳೆದುಕೊಂಡು ಮೇಲೆ ಬಂದ. ಹಸಿವಿಗೆ ಅವನ ಶಾಂತಿಯೆಲ್ಲ ಬತ್ತಿತ್ತು. ಈಗ ಅವನಿಗೆ ಬಾಯಿ ಮೂಡಿತ್ತು, ಆ ಬಾಯಿಗೆ ಹಲ್ಲೂ ಇತ್ತು. ಮೇಜುಗಳು ಹಾರಿಬಿದ್ದವು. "ಸ್ವಲ್ಪ ಕಾಯಿರಿ!" ಎಂದು ಅವನು ಘರ್ಜಿಸಿದ. ಆ ದನಿಗೆ ಮುಂದಿದ್ದವರ ಕಾಲು ನೆಲಕ್ಕೆ ಅಂಟಿದವು, ರೆಪ್ಪೆ ಬಾಡಿದವು. ಕತ್ತಿಯಕ್ಕ ಮೇಜಿನಿಂದ ಹಾರಿದಳು. ಮಂಡಿ ಕಳಕ್ಕೆಂದಿತು. ನೋಯಲಿ ಎಂದುಕೊಂಡು ಎರಡೂ ಕೈಯಲ್ಲಿ ಕತ್ತಿ ಹಿಡಿದು ಆ ಬಾಯೊಳಕ್ಕೇ ತಿವಿದಳು. ಈ ಸಲ ಕತ್ತಿಗೆ ಗಟ್ಟಿಯಾದದ್ದೊಂದು ಸಿಕ್ಕಿತು. ದೇವರು ಅವಳ ತೋಳು ಕಚ್ಚಿದ, ಅವಳು ಕೈಬಿಡಲಿಲ್ಲ. ತಿರುವಿದಳು, ಎಳೆದಳು, ಕಂಠದಿಂದ ಹೊಟ್ಟೆಯ ತನಕ ಸೀಳಿದಳು. ಸೀಳಿದ್ದು ಮುಚ್ಚಿಕೊಳ್ಳಲಿಲ್ಲ. ಅವನು ಮೊದಲು ಮನೆಯಷ್ಟಾದ, ಆಮೇಲೆ ಕುರ್ಚಿಯಷ್ಟು, ಆಮೇಲೆ ನೆಲ ಒರೆಸುವ ಬಟ್ಟೆಯಷ್ಟು. ಅದನ್ನು ಅವಳು ಕಾಲಲ್ಲಿ ಹೊಸಕಿದಳು. ಕೆಳಗೆ ತೊಟ್ಟಿಯಲ್ಲಿ ನೀರು ಧುಮುಕುವ ಸದ್ದು ಕೇಳಿತು.

ಸತ್ತವರೆಲ್ಲ ಕೆಲಸ ನಿಲ್ಲಿಸಿ ತಲೆಯೆತ್ತಿದರು. ಬಹಳ ಆಯಾಸವಾದವರ ಮುಖಗಳು. ತನ್ನ ಕೋಣೆಯ ಬಾಗಿಲಲ್ಲಿ ನಿಂತಿದ್ದ ಮೇಲಧಿಕಾರಿಯತ್ತ ಎಲ್ಲರೂ ತಿರುಗಿದರು.

"ಸಾರ್," ಎಂದ ದರ್ಜಿಯ ಗಂಡ, "ನನ್ನ ರಜೆ?"

ಮೇಲಧಿಕಾರಿ ಸಲಹೆಗಾಗಿ ನೆಲದ ಬಿರುಕಿನತ್ತ ನೋಡಿದ. ಅಲ್ಲಿ ಯಾರೂ ಇರಲಿಲ್ಲ. "ನಾ…" ಎಂದು ಬಾಯಿ ತೆರೆದ. ಇಡೀ ಕ್ಯೂ ಅವನತ್ತ ಒಂದು ಹೆಜ್ಜೆ ಮುಂದಿಟ್ಟಿತು.

"ನಾನು ಇವತ್ತೇ ಕೊಟ್ಟೆ," ಎಂದ. "ಎಲ್ಲರಿಗೂ. ಹೋಗಿಬನ್ನಿ… ಅಂದ್ರೆ, ಹೋಗಿ."

ಅವರು ಹೊರಟರು. ಒಬ್ಬೊಬ್ಬರೂ ಮೇಜು ಒರೆಸಿ, ಕುರ್ಚಿ ಒಳಗೆ ಸರಿಸಿ ಹೊರಟರು. ಜನ ದಾರಿ ಬಿಟ್ಟರು. ಕೆಲವರು ಟೋಪಿ ತೆಗೆದರು. ಸ್ಮಶಾನದಲ್ಲಿ ಕಾವಲುಗಾರ ಗೇಟು ಪೂರ್ತಿ ತೆರೆದು, ಈ ಸಲ ಹೆದರದೆ, ಒಬ್ಬೊಬ್ಬರಿಗೂ ಅವರವರ ಗುಂಡಿ ತೋರಿಸಿಕೊಟ್ಟನಂತೆ.

ಊರಿಗೆ ನೀರು ಬಂತು. ಮೇಲಧಿಕಾರಿಗೆ ಅದೇ ವರ್ಷ ದಕ್ಷ ಆಡಳಿತಕ್ಕೆಂದು ಶಾಲು ಹೊದಿಸಿ ದೊಡ್ಡ ಆಫೀಸಿಗೆ ಏರಿಸಿದರು. ಖಾಲಿಯಾದ ಕುರ್ಚಿಗಳಿಗೆ ಬದುಕಿದ ಹೊಸಬರು ಬಂದರು. ಅವರು ಆಕಳಿಸುತ್ತಾರೆ, ಸಿಡುಕುತ್ತಾರೆ, ಮೊದಲಿದ್ದವರೇ ವಾಸಿಯಾಗಿದ್ದರು, ಅವರು ಹೋದದ್ದು ತಪ್ಪಾಯಿತು ಎಂದು ಮೇಷ್ಟ್ರು ಹೋದಲ್ಲೆಲ್ಲ ಹೇಳುತ್ತ ತಿರುಗಿದರು. ಕತ್ತಿಯಕ್ಕ ಆ ಮಾತಿಗೆಲ್ಲ ಕಿವಿಗೊಡಲಿಲ್ಲ. ತೋಳಿಗೆ ಪಟ್ಟಿ ಕಟ್ಟಿಸಿಕೊಂಡ ಆಸ್ಪತ್ರೆಗೇ ಅಮ್ಮನನ್ನೂ ಕರೆಸಿ, ಕಣ್ಣಿನ ಡಾಕ್ಟರ ಮುಂದೆ ಕೂರಿಸಿದಳು. ಪೊರೆ ತೆಗೆದ ಮೇಲೆ ಅಮ್ಮ ಮಗಳನ್ನು ದಿಟ್ಟಿಸಿ, "ಇಷ್ಟೊಂದು ಬಡಕಲಾಗಿದ್ದೀಯಲ್ಲೇ, ಯಾರೂ ಹೇಳ್ಲೇ ಇಲ್ಲ ನನಗೆ," ಎಂದು ಮುನಿಸಿಕೊಂಡಳು.

ದರ್ಜಿಯ ಗಂಡ ಮಾತ್ರ ಅಂದು ಉಳಿದವರ ಜೊತೆ ಸ್ಮಶಾನಕ್ಕೆ ಹೋಗಲಿಲ್ಲ. ಬೀದಿಗಿಳಿದವನು ಬಿಸಿಲಿಗೆ ಕಣ್ಣು ಕಿರಿದು ಮಾಡಿಕೊಂಡು ನಿಂತ. ಹಗಲು ಹೊತ್ತಿನ ಬೀದಿ ಅವನಿಗೆ ಪರಿಚಯವೇ ಇರಲಿಲ್ಲ.

"ನಿನ್ನ ಅಂಗಡಿ ಯಾವ ಕಡೆ?" ಎಂದು ಹೆಂಡತಿಯನ್ನು ಕೇಳಿದ.

ಅವಳು ತೋರಿಸಿದಳು. ಕತ್ತಿಯಕ್ಕ ಸ್ವಲ್ಪ ಹಿಂದೆ, ಕತ್ತಿಯನ್ನು ಕೋಟಿನೊಳಗಿಟ್ಟುಕೊಂಡು, ಕುಂಟುತ್ತ ಅವರ ಜೊತೆ ನಡೆದಳು. ಎದ್ದವನನ್ನು ಹಾಗೆ ಬಿಡಬಾರದು, ಅದು ಅವಳ ವೃತ್ತಿಯ ನಿಯಮ. ಆದರೆ ಕತ್ತಿ ತಣ್ಣಗಾಗುತ್ತ ಬಂದಿತ್ತು.

ಅಂಗಡಿ ಚಿಕ್ಕದು. ಒಂದು ಹೊಲಿಗೆ ಮೆಷಿನ್ನು, ಗೋಡೆಗೆ ಕನ್ನಡಿ, ಮೊಳೆಗೆ ನೇತುಹಾಕಿದ ಬಟ್ಟೆಗಳು, ಗಿರಾಕಿಗಳಿಗೊಂದು ಸ್ಟೂಲು. ಅವನು ಸ್ಟೂಲಿನ ಮೇಲೆ ಕೂತ. ಎಲ್ಲವನ್ನೂ ಒಂದೊಂದಾಗಿ ನೋಡಿದ.

"ಚೆನ್ನಾಗಿದೆ," ಎಂದ.

"ಈಗ ಹೇಳ್ತೀರಾ," ಎಂದಳು ಅವಳು.

"ನೀನು ಕೆಲಸ ಮಾಡು. ನಾನು ನೋಡ್ತಿರ್ತೀನಿ."

ಅವಳು ಮೆಷಿನ್ನಿನ ಮುಂದೆ ಕೂತು ಬೆಳಿಗ್ಗೆ ಅರ್ಧಕ್ಕೆ ಬಿಟ್ಟ ಅಂಗಿಯನ್ನು ಕೈಗೆತ್ತಿಕೊಂಡಳು. ಚಕ್ರ ತಿರುಗಿತು. ಅವನು ಹೊಲಿದ ಕೈಯನ್ನು ಮಡಿಲಲ್ಲಿಟ್ಟುಕೊಂಡು, ಗೋಡೆಗೊರಗಿ, ಅವಳ ಬೆರಳುಗಳನ್ನೇ ನೋಡುತ್ತಿದ್ದ. ಮಧ್ಯೆ ಒಮ್ಮೆ ದಾರ ತುಂಡಾದಾಗ ಕತ್ತರಿ ಎತ್ತಿಕೊಟ್ಟ. ಬಾಗಿಲಲ್ಲಿ ನಿಂತಿದ್ದ ಕತ್ತಿಯಕ್ಕ ಅಂಗಡಿಯ ಕಡೆಗೆ ಬೆನ್ನು ತಿರುಗಿಸಿ, ಗಿರಾಕಿಗಳು ಯಾರಾದರೂ ಬಂದರೆ ತಡೆಯಲು ಚೌಕಟ್ಟಿಗೆ ಕೈ ಚಾಚಿದಳು.

ಅಂಗಿಯ ಕೊನೆಯ ಅಂಚು ಹೊಲಿಯುವ ಹೊತ್ತಿಗೆ ಅವನ ತಲೆ ಗೋಡೆಗೆ ವಾಲಿತ್ತು, ಬಾಗಿಲಲ್ಲಿದ್ದವಳ ಕೋಟಿನೊಳಗೆ ಕತ್ತಿ ಪೂರ್ತಿ ತಣ್ಣಗಾಗಿತ್ತು. ದರ್ಜಿ ಗಂಡನತ್ತ ನೋಡಿದಳು. ಕಾಲು ತಡೆದು ಚಕ್ರ ನಿಲ್ಲಿಸಲಿಲ್ಲ. ಅದು ತಾನಾಗಿಯೇ ನಿಲ್ಲುವ ತನಕ ಬಿಟ್ಟಳು.